ಆಟ ತೆಗೆದು ಮತ್ತೆ ಹಾಕಿದ ಮೇಲೆ ಸೇವ್ ಕಾಣಿಸದಿದ್ದರೆ

ಏಪ್ರಿಲ್ ತಿಂಗಳ ಒಂದು ಮಧ್ಯಾಹ್ನ ನಿಟುವಳ್ಳಿಯ ಹುಡುಗಿಯೊಬ್ಬಳು ತಂದೆಯ ಸ್ಕೂಟರಿನ ಮುಂದೆ ಸಿಪಿಯು ಇಟ್ಟುಕೊಂಡು, ದಾವಣಗೆರೆಯ ಅಶೋಕ ರಸ್ತೆ ಪಕ್ಕದ ಓಣಿಯಲ್ಲಿರುವ ನನ್ನ ರಿಪೇರಿ ಅಂಗಡಿಗೆ ಬಂದಳು. ದ್ವಿತೀಯ ಪಿಯುಸಿ ಪರೀಕ್ಷೆ ಮುಗಿಸಿ, ರಜೆಯಲ್ಲಿ ಮನಸಾರೆ ಆಡಬೇಕೆಂದು ಕಾದಿದ್ದವಳು. ಆಟದ ಹೆಸರು ಸ್ಟಾರ್‌ಡ್ಯೂ ವ್ಯಾಲಿ. ತೋಟ ಮಾಡುವುದು, ಕೋಳಿ ಸಾಕುವುದು, ಹೊಳೆಯಲ್ಲಿ ಮೀನು ಹಿಡಿಯುವುದು. ಅಕ್ಕ ತಂಗಿ ಇಬ್ಬರೂ ಸೇರಿ ಎರಡು ವರ್ಷ ಕಟ್ಟಿದ ತೋಟವದು. ಅಕ್ಕ ಈಗ ಹುಬ್ಬಳ್ಳಿಯ ಹಾಸ್ಟೆಲಿನಲ್ಲಿದ್ದಾಳೆ.

"ಅಣ್ಣಾ, ಆಟ ತೆಗೆದು ಮತ್ತೆ ಹಾಕಿದೆ. ನಮ್ಮ ತೋಟ ಹೋಗಿಬಿಟ್ಟಿದೆ," ಎಂದಳು.

ಇಂಥವರು ಬಂದಾಗ ನಾನು ಎರಡು ಪ್ರಶ್ನೆ ಕೇಳುತ್ತೇನೆ. ಯಂತ್ರವನ್ನು ಬಿಚ್ಚುವುದು, ಪ್ಲಗ್ ಹಾಕುವುದು ಎಲ್ಲ ಆಮೇಲೆ.

"ಮತ್ತೆ ಹಾಕಿದ ಮೇಲೆ ಹೊಸ ಆಟ ಶುರು ಮಾಡಿದೆಯೇನಮ್ಮಾ?"

"ಇಲ್ಲ ಅಣ್ಣಾ. ಭಯವಾಯಿತು, ಮುಚ್ಚಿಬಿಟ್ಟೆ."

"ತೆಗೆಯುವುದಕ್ಕೆ ಮುಂಚೆ ತೋಟ ಕಾಣಿಸುತ್ತಿತ್ತೇ?"

ಸ್ವಲ್ಪ ಯೋಚಿಸಿದಳು. ಕಾಣಿಸುತ್ತಿರಲಿಲ್ಲ, ಅದಕ್ಕೇ ತೆಗೆದದ್ದು ಎಂದಳು.

ಈ ಎರಡು ಉತ್ತರಗಳಲ್ಲಿ ಮುಕ್ಕಾಲು ಪಾಲು ಕೆಲಸ ಮುಗಿದಿತ್ತು. ಆಟ ತೆಗೆದದ್ದರಿಂದ ತೋಟ ಹೋಗಿರಲಿಲ್ಲ; ಅದಕ್ಕೆ ಮುಂಚೆಯೇ ಏನೋ ಆಗಿತ್ತು. ಇನ್ನು, ಹೊಸ ಆಟ ಶುರು ಮಾಡದೆ ಇದ್ದದ್ದರಿಂದ ಇದ್ದದ್ದು ಇದ್ದ ಹಾಗೆಯೇ ಉಳಿದಿತ್ತು. ನನ್ನ ಅಂಗಡಿಗೆ ಬಂದ ಯಂತ್ರಗಳಲ್ಲಿ ಕಂಡ ಮಾತು ಹೇಳುತ್ತೇನೆ: ಆಟ ತೆಗೆಯುವಾಗ (ಅನ್‌ಇನ್‌ಸ್ಟಾಲ್ ಮಾಡುವಾಗ) ಸೇವ್, ಅಂದರೆ ಆಡಿದಷ್ಟನ್ನು ಆಟ ಬರೆದಿಟ್ಟುಕೊಂಡ ದಾಖಲೆ, ಕಳೆದುಕೊಂಡವರು ಕಡಿಮೆ. ಮತ್ತೆ ಹಾಕಿದ ಮೇಲಿನ ಮೊದಲ ಹತ್ತು ನಿಮಿಷದಲ್ಲಿ, ಗಾಬರಿಯಲ್ಲಿ ಅದನ್ನೂ ಇದನ್ನೂ ಒತ್ತಿ ಕಳೆದುಕೊಂಡವರೇ ಹೆಚ್ಚು. ಈ ಬರಹ ಆ ಹತ್ತು ನಿಮಿಷದ ಬಗ್ಗೆ, ಮತ್ತು ಅದಕ್ಕೆ ಮುಂಚೆ ಮಾಡಿಕೊಳ್ಳಬೇಕಾದ ತಯಾರಿಯ ಬಗ್ಗೆ.

ಈಗಲೇ ಸೇವ್ ಕಾಣಿಸದೆ ಕುಳಿತಿದ್ದರೆ

ಇಂಟರ್‌ನೆಟ್ ಬಂದ್ ಮಾಡಿ. ವೈಫೈ ಆರಿಸಿ, ಕೇಬಲ್ ಇದ್ದರೆ ಕಿತ್ತುಬಿಡಿ. ಆಟವನ್ನು ಮತ್ತೆ ತೆರೆಯಬೇಡಿ. "ನ್ಯೂ ಗೇಮ್" ಒತ್ತಲೇಬೇಡಿ. ಒಂದೇ ಸೇವ್ ಇಟ್ಟುಕೊಳ್ಳುವ ಆಟವಾದರೆ, ಹೊಸದಾಗಿ ಶುರು ಮಾಡಿದ ಎರಡನೇ ನಿಮಿಷಕ್ಕೆ ಅದು ತಾನಾಗಿಯೇ ಸೇವ್ ಮಾಡಿ ಹಳೆಯದರ ಮೇಲೆ ಬರೆದುಬಿಡುತ್ತದೆ. ಇಂಟರ್‌ನೆಟ್ ಇದ್ದರೆ ಆ ಖಾಲಿ ಸೇವ್ ಕ್ಲೌಡಿಗೂ, ಅಂದರೆ ಇಂಟರ್‌ನೆಟ್ಟಿನಲ್ಲಿರುವ ನಿಮ್ಮ ಖಾತೆಯ ಸಂಗ್ರಹಕ್ಕೂ, ಏರಿ, ಅಲ್ಲಿದ್ದ ಒಳ್ಳೆಯ ಪ್ರತಿಯನ್ನೂ ನುಂಗುತ್ತದೆ. ಇಷ್ಟು ತಡೆದರೆ ಉಳಿದದ್ದಕ್ಕೆ ಸಮಯವಿದೆ.

ಆಟ ಒಂದು ಕಡೆ, ಲೆಕ್ಕದ ಪುಸ್ತಕ ಇನ್ನೊಂದು ಕಡೆ

ಮಂಡಿಪೇಟೆಯ ವ್ಯಾಪಾರಿ ಅಂಗಡಿ ಖಾಲಿ ಮಾಡಿದರೂ ಲೆಕ್ಕದ ಪುಸ್ತಕ ಮನೆಯ ಬೀರುವಿನಲ್ಲಿರುತ್ತದೆ. ಆಟಗಳದೂ ಹಾಗೆಯೇ. ಆಟದ ಚಿತ್ರ, ಸದ್ದು, ಪ್ರೋಗ್ರಾಂ ಎಲ್ಲ ಒಂದು ದೊಡ್ಡ ಫೋಲ್ಡರಿನಲ್ಲಿ ಇರುತ್ತವೆ. ಅನ್‌ಇನ್‌ಸ್ಟಾಲ್ ಮಾಡಿದರೆ ಹೋಗುವುದು ಅದು. ನೀವು ಆಡಿದ ಲೆಕ್ಕ ಬಹುತೇಕ ಆಟಗಳಲ್ಲಿ ವಿಂಡೋಸ್‌ನ ನಿಮ್ಮ ಬಳಕೆದಾರ ಫೋಲ್ಡರಿನಲ್ಲಿ, ಬೇರೆಯಾಗಿ ಕುಳಿತಿರುತ್ತದೆ. ತೊಂದರೆ ಎಂದರೆ ಬೀರು ಒಂದಲ್ಲ, ಆರೇಳು.

ಹಳೆಯ ಆಟಗಳು ಹೆಚ್ಚಾಗಿ ಡಾಕ್ಯುಮೆಂಟ್ಸ್ ಒಳಗೆ ಇಡುತ್ತವೆ. ಇಂದಿಗೂ ನಮ್ಮ ಹುಡುಗರು ಬಿಡದ ಇಎ ಕ್ರಿಕೆಟ್ 07, ಜಿಟಿಎ ವೈಸ್ ಸಿಟಿ, ಸ್ಯಾನ್ ಆಂಡ್ರಿಯಾಸ್, 2005ರ ಎನ್‌ಎಫ್‌ಎಸ್ ಮೋಸ್ಟ್ ವಾಂಟೆಡ್ ಇವೆಲ್ಲ ಅಲ್ಲಿಯೇ ತಮ್ಮ ಹೆಸರಿನ ಫೋಲ್ಡರ್ ಮಾಡಿಕೊಳ್ಳುತ್ತವೆ. ಕೆಲವು ಡಾಕ್ಯುಮೆಂಟ್ಸ್ ಒಳಗಿನ "ಮೈ ಗೇಮ್ಸ್" ಎಂಬಲ್ಲಿ ಸೇರುತ್ತವೆ. ಸ್ಕೈರಿಮ್, ಟೆರೇರಿಯಾ ಆ ಬಗೆಯವು. ಸೈಬರ್‌ಪಂಕ್ 2077 ಬಳಕೆದಾರ ಫೋಲ್ಡರಿನಲ್ಲೇ ಇರುವ "ಸೇವ್ಡ್ ಗೇಮ್ಸ್" ಎಂಬುದನ್ನು ಬಳಸುತ್ತದೆ.

ಜನ ಎಡವುವುದು ಆಪ್‌ಡೇಟಾ ಎಂಬ ಫೋಲ್ಡರಿನಲ್ಲಿ. ವಿಂಡೋಸ್ ಇದನ್ನು ಮರೆಮಾಡಿ ಇಟ್ಟಿರುತ್ತದೆ, ಹಾಗಾಗಿ ಬ್ಯಾಕಪ್ ತೆಗೆಯುವಾಗ ಕಣ್ಣಿಗೇ ಬೀಳುವುದಿಲ್ಲ. ಇದರೊಳಗೆ ಮೂರು ಕೋಣೆ: ರೋಮಿಂಗ್, ಲೋಕಲ್, ಲೋಕಲ್‌ಲೋ. ಮೈನ್‌ಕ್ರಾಫ್ಟ್ ಜಾವಾ ಆವೃತ್ತಿ, ಸ್ಟಾರ್‌ಡ್ಯೂ ವ್ಯಾಲಿ, ಎಲ್ಡನ್ ರಿಂಗ್ ರೋಮಿಂಗ್‌ನಲ್ಲಿ ಇಡುತ್ತವೆ. ಅನ್‌ರಿಯಲ್ ಎಂಜಿನ್ನಿನಲ್ಲಿ (ಎಂಜಿನ್ ಎಂದರೆ ಆಟ ತಯಾರಿಸುವ ತಂತ್ರಾಂಶ) ಮಾಡಿದ ಆಟಗಳು ಸಾಮಾನ್ಯವಾಗಿ ಲೋಕಲ್‌ನಲ್ಲಿ, ಆಟದ ಹೆಸರಿನ ಫೋಲ್ಡರಿನೊಳಗೆ "ಸೇವ್ಡ್", ಅದರೊಳಗೆ "ಸೇವ್‌ಗೇಮ್ಸ್" ಎಂದು ಇಡುತ್ತವೆ. ಯೂನಿಟಿ ಎಂಜಿನ್ನಿನ ಆಟಗಳಿಗೆ ಲೋಕಲ್‌ಲೋ ಪ್ರೀತಿಯ ಜಾಗ. ಹಾಲೋ ನೈಟ್ ಅಲ್ಲಿದೆ. ಆಟದ ಹೆಸರಿನಿಂದ ಹುಡುಕಿ ಸಿಗದಿದ್ದರೆ ಅದನ್ನು ಮಾಡಿದ ಸಂಸ್ಥೆಯ ಹೆಸರಿನಲ್ಲಿ ಹುಡುಕಬೇಕು.

ಅಲ್ಲಿಗೆ ಹೋಗುವ ಸುಲಭದ ದಾರಿ: ವಿಂಡೋಸ್ ಕೀಲಿ ಮತ್ತು ಆರ್ ಒಟ್ಟಿಗೆ ಒತ್ತಿ, ಬರುವ ಚಿಕ್ಕ ಪೆಟ್ಟಿಗೆಯಲ್ಲಿ ಆಪ್‌ಡೇಟಾ ಎಂಬ ಪದವನ್ನು ಇಂಗ್ಲಿಷ್ ಅಕ್ಷರಗಳಲ್ಲಿ, ಹಿಂದೊಂದು ಮುಂದೊಂದು ಶೇಕಡಾ ಚಿಹ್ನೆ ಇಟ್ಟು ಬರೆದು ಎಂಟರ್ ಒತ್ತಿ. ನೇರವಾಗಿ ರೋಮಿಂಗ್ ತೆರೆಯುತ್ತದೆ. ಒಂದು ಮೆಟ್ಟಿಲು ಮೇಲಕ್ಕೆ ಹೋದರೆ ಉಳಿದೆರಡೂ ಕಾಣುತ್ತವೆ.

ಆಟ ಕೊಂಡು ಇಳಿಸಿಕೊಳ್ಳುವ ಸ್ಟೀಮ್ ಎಂಬ ತಂತ್ರಾಂಶ ಬಳಸುವವರಿಗೆ ಇನ್ನೊಂದು ಜಾಗವಿದೆ: ಸ್ಟೀಮ್ ಫೋಲ್ಡರಿನೊಳಗಿನ "ಯೂಸರ್‌ಡೇಟಾ". ಅದರೊಳಗೆ ನಿಮ್ಮ ಖಾತೆಯ ಸಂಖ್ಯೆ, ಅದರೊಳಗೆ ಆಟದ ಸಂಖ್ಯೆ. ಒಂದು ಆಟವನ್ನು ತೆಗೆದರೆ ಇದಕ್ಕೆ ಏನೂ ಆಗುವುದಿಲ್ಲ. ಆದರೆ ಸ್ಟೀಮ್ ತಂತ್ರಾಂಶವನ್ನೇ ತೆಗೆಯಲು ಹೊರಟಿದ್ದರೆ ಮೊದಲು ಯೂಸರ್‌ಡೇಟಾ ಪೂರ್ತಿಯಾಗಿ ನಕಲಿಸಿಕೊಳ್ಳಿ.

ಮೈಕ್ರೋಸಾಫ್ಟ್ ಸ್ಟೋರ್‌ನಿಂದ ಇಳಿಸಿದ ಆಟಗಳ ವಿಷಯದಲ್ಲಿ ನನ್ನ ಸಮಾಧಾನ ಮುಗಿಯುತ್ತದೆ. ಅವುಗಳಲ್ಲಿ ಹಲವು, ಲೋಕಲ್ ಒಳಗಿನ "ಪ್ಯಾಕೇಜಸ್" ಎಂಬಲ್ಲಿ ಸೇವ್ ಇಡುತ್ತವೆ, ಮತ್ತು ಆಟ ತೆಗೆದ ಕೂಡಲೇ ವಿಂಡೋಸ್ ಆ ಪ್ಯಾಕೇಜ್ ಫೋಲ್ಡರನ್ನೂ ಅಳಿಸುತ್ತದೆ. ಎಕ್ಸ್‌ಬಾಕ್ಸ್ ಖಾತೆಯಲ್ಲಿ ಕ್ಲೌಡಿಗೆ ಏರಿದ್ದರೆ ಬಚಾವ್. ಏರಿದೆ ಎಂದು ಖಾತ್ರಿಯಾಗುವ ತನಕ ತೆಗೆಯಬೇಡಿ.

ಫೋಲ್ಡರ್ ಯಾವುದು ಎಂದೇ ತಿಳಿಯದಿದ್ದರೆ

ಆಟ ಇನ್ನೂ ಯಂತ್ರದಲ್ಲಿದೆ, ತೆಗೆಯುವ ಮುನ್ನ ಹುಡುಕುತ್ತಿದ್ದೀರಿ ಎಂದಿಟ್ಟುಕೊಳ್ಳಿ. ವಿಂಡೋಸ್‌ನಲ್ಲೇ ರಿಸೋರ್ಸ್ ಮಾನಿಟರ್ ಎಂಬ ಸಲಕರಣೆ ಇದೆ. ಸ್ಟಾರ್ಟ್ ಮೆನುವಿನಲ್ಲಿ ಹುಡುಕಿ. ಅದರ ಡಿಸ್ಕ್ ವಿಭಾಗ ತೆರೆದು, ಓಡುತ್ತಿರುವ ಪ್ರೋಗ್ರಾಂಗಳ ಪಟ್ಟಿಯಲ್ಲಿ ನಿಮ್ಮ ಆಟಕ್ಕೆ ಟಿಕ್ ಹಾಕಿ. ಈಗ ಆಟದೊಳಗೆ ಹೋಗಿ ಒಮ್ಮೆ ಸೇವ್ ಮಾಡಿ, ತಕ್ಷಣ ಹೊರಗೆ ಬಂದು ನೋಡಿ. ಆ ಕ್ಷಣದಲ್ಲಿ ಆಟ ಯಾವ ಫೈಲಿಗೆ ಬರೆಯಿತು ಎಂಬುದು ಪೂರ್ತಿ ದಾರಿಯ ಸಮೇತ ಅಲ್ಲಿ ಕಾಣುತ್ತದೆ. ಪರದೆ ತುಂಬ ಆಡುವ ಆಟವಾದರೆ ಕಿಟಕಿಯ ರೂಪಕ್ಕೆ ಬದಲಿಸಿಕೊಂಡರೆ ನೋಡಲು ಅನುಕೂಲ.

ಸಿಕ್ಕಿದ ಫೋಲ್ಡರ್ ಸರಿಯಾದದ್ದೇ ಎಂದು ಖಚಿತಪಡಿಸಿಕೊಳ್ಳಲು ನಾನು ಮಾಡುವ ಪರೀಕ್ಷೆ ಬಹಳ ಸರಳ. ಇಂಟರ್‌ನೆಟ್ ಆರಿಸಿ, ಆಟ ಮುಚ್ಚಿ, ಫೋಲ್ಡರಿನ ಹೆಸರಿನ ಕೊನೆಗೆ ಒಂದು ಅಂಕಿ ಸೇರಿಸುತ್ತೇನೆ. ಆಟ ತೆರೆದಾಗ ಎಲ್ಲವೂ ಖಾಲಿ ಕಂಡರೆ ಫೋಲ್ಡರ್ ಅದೇ. ಮುಖ್ಯ ಮೆನುವಿನಿಂದಲೇ ಹೊರಬಂದು, ಆಟ ಹೊಸದಾಗಿ ಮಾಡಿಕೊಂಡ ಖಾಲಿ ಫೋಲ್ಡರ್ ಇದ್ದರೆ ಅಳಿಸಿ, ಹಳೆಯ ಹೆಸರು ಮರಳಿಸುತ್ತೇನೆ. ಎರಡು ನಿಮಿಷದ ಕೆಲಸ. ತಪ್ಪು ಫೋಲ್ಡರ್ ನಕಲಿಸಿಕೊಂಡು ನೆಮ್ಮದಿಯಾಗಿ ಆಟ ತೆಗೆದವರನ್ನು ಕಂಡ ಮೇಲೆ ಈ ಎರಡು ನಿಮಿಷವನ್ನು ನಾನು ಎಂದೂ ಬಿಟ್ಟಿಲ್ಲ.

ಫೈಲುಗಳೇ ಇಲ್ಲದ ಆಟಗಳೂ ಉಂಟು. ಕೆಲವು ಚಿಕ್ಕ ಯೂನಿಟಿ ಆಟಗಳು ಪ್ರಗತಿಯನ್ನು ವಿಂಡೋಸ್ ತನ್ನ ಸೆಟ್ಟಿಂಗ್‌ಗಳನ್ನು ಇಟ್ಟುಕೊಳ್ಳುವ ರಿಜಿಸ್ಟ್ರಿಯಲ್ಲೇ ಬರೆದಿಡುತ್ತವೆ. ರಿಜಿಸ್ಟ್ರಿ ಎಡಿಟರ್ ತೆರೆದು, ಕರೆಂಟ್ ಯೂಸರ್ ಕೆಳಗಿನ ಸಾಫ್ಟ್‌ವೇರ್ ವಿಭಾಗದಲ್ಲಿ ಆಟ ಮಾಡಿದವರ ಹೆಸರು ಹುಡುಕಿ, ಬಲ ಗುಂಡಿ ಒತ್ತಿ ಎಕ್ಸ್‌ಪೋರ್ಟ್ ಮಾಡಿಕೊಂಡರೆ ಒಂದು ಚಿಕ್ಕ ಫೈಲ್ ಸಿಗುತ್ತದೆ. ಮುಂದೆ ಅದನ್ನು ಎರಡು ಬಾರಿ ಒತ್ತಿದರೆ ಎಲ್ಲ ಮರಳುತ್ತದೆ. ಅಲ್ಲಿ ಬೇರೆ ಯಾವುದನ್ನೂ ಮುಟ್ಟಬೇಡಿ.

ನಿಟುವಳ್ಳಿಯ ತೋಟ

ಹುಡುಗಿಯ ಯಂತ್ರಕ್ಕೆ ಮರಳುತ್ತೇನೆ. ರೋಮಿಂಗ್ ತೆರೆದೆ. ಸ್ಟಾರ್‌ಡ್ಯೂವ್ಯಾಲಿ ಫೋಲ್ಡರ್ ಇತ್ತು, ಅದರೊಳಗೆ ಸೇವ್ಸ್ ಇತ್ತು, ಅದರೊಳಗೆ ಅಕ್ಕನ ಹೆಸರಿನ ಜೊತೆ ಒಂದು ಉದ್ದ ಸಂಖ್ಯೆ ಅಂಟಿಸಿದ ಫೋಲ್ಡರ್ ಇತ್ತು. "ಇದು ಅಕ್ಕನ ಹೆಸರು," ಎಂದು ಪರದೆಯ ಹತ್ತಿರ ಬಂದಳು. ಒಳಗೆ ನಾಲ್ಕು ಫೈಲು. ತೋಟದ ಮುಖ್ಯ ಫೈಲು, ಅದರ ಸಾರಾಂಶದ ಫೈಲು. ಇವೆರಡರದೇ ಇನ್ನೊಂದು ಜೋಡಿ, ಹೆಸರಿನ ಕೊನೆಯಲ್ಲಿ "ಓಲ್ಡ್" ಎಂದು ಸೇರಿದ್ದು.

ಗಾತ್ರದ ಕಾಲಮ್ ನೋಡಿದರೆ ರೋಗ ಅಲ್ಲಿಯೇ ಬರೆದಿತ್ತು. ಮುಖ್ಯ ಫೈಲು 0 ಕೆಬಿ. ಸಾರಾಂಶದ ಫೈಲೂ 0 ಕೆಬಿ. ಓಲ್ಡ್ ಜೋಡಿ ಮಾತ್ರ ತುಂಬಿಕೊಂಡಿತ್ತು.

"ಕೊನೆಯ ಬಾರಿ ಆಡುವಾಗ ಕರೆಂಟ್ ಹೋಗಿತ್ತೇ?"

"ಹೌದು ಅಣ್ಣಾ. ರಾತ್ರಿ ಮಲಗಿಸುವಾಗಲೇ ಹೋಯಿತು." ಮಲಗಿಸುವುದು ಎಂದರೆ ಆಟದ ರೈತನನ್ನು. ಆ ಆಟದಲ್ಲಿ ದಿನ ಮುಗಿದು ರೈತ ಮಲಗಿದಾಗಲೇ ಸೇವ್ ಆಗುವುದು. ಬರೆಯುತ್ತಿದ್ದ ಕ್ಷಣಕ್ಕೆ ಸರಿಯಾಗಿ ಕರೆಂಟ್ ಹೋಗಿ, ಹಳೆಯದನ್ನು ಓಲ್ಡ್ ಎಂದು ಎತ್ತಿಟ್ಟು ಹೊಸದನ್ನು ಬರೆಯಬೇಕಾದ ಕೆಲಸ ಅರ್ಧಕ್ಕೆ ನಿಂತಿತ್ತು. ಮನೆಯಲ್ಲಿ ಯುಪಿಎಸ್ ಇತ್ತು, ಬ್ಯಾಟರಿ ಸತ್ತು ಒಂದು ವರ್ಷವಾಗಿತ್ತು.

ಮೊದಲು ಫೋಲ್ಡರನ್ನು ಇದ್ದ ಹಾಗೆಯೇ ಪೆನ್‌ಡ್ರೈವಿಗೆ ನಕಲಿಸಿದೆ. ಕೆಟ್ಟ ಫೈಲುಗಳ ಸಮೇತ. ರಿಪೇರಿ ಶುರು ಮಾಡುವ ಮುನ್ನ ಹಾಳಾದದ್ದರ ನಕಲನ್ನೂ ಇಟ್ಟುಕೊಳ್ಳಬೇಕು, ಏಕೆಂದರೆ ನಮ್ಮ ಮೊದಲ ಊಹೆ ತಪ್ಪಾಗಬಹುದು. ಆಮೇಲೆ ಖಾಲಿ ಫೈಲುಗಳೆರಡನ್ನೂ ಬೇರೆ ಕಡೆಗೆ ಸರಿಸಿ, ಓಲ್ಡ್ ಜೋಡಿಯ ಹೆಸರಿನಿಂದ ಆ ಬಾಲವನ್ನು ಮಾತ್ರ ತೆಗೆದೆ. ಆಟ ತೆರೆದಾಗ ತೋಟ ಪಟ್ಟಿಯಲ್ಲಿ ಬಂತು. ಹೋದದ್ದು ಆಟದ ಒಂದು ದಿನ. ಅವಳು ಕೋಳಿಗೂಡಿನ ಒಳಗೆ ಹೋಗಿ ಎಣಿಸಿ ನೋಡಿದ ಮೇಲೆಯೇ ಕುರ್ಚಿಯಲ್ಲಿ ಕುಳಿತದ್ದು.

ಆಟವನ್ನು ತೆಗೆದು ಹಾಕುವುದರಿಂದ ಇಲ್ಲಿ ಯಾವ ಪ್ರಯೋಜನವೂ ಇರಲಿಲ್ಲ ಎಂಬುದನ್ನು ಗಮನಿಸಿ. ದೋಷ ಇದ್ದದ್ದು ಸೇವ್‌ನಲ್ಲಿ. ಸೇವ್ ಹಾಗೆಯೇ ಉಳಿಸಿಕೊಂಡು ಆಟವನ್ನು ಹತ್ತು ಬಾರಿ ಹಾಕಿದರೂ ಹತ್ತು ಬಾರಿಯೂ ಅದೇ ಫಲ. ಮೈನ್‌ಕ್ರಾಫ್ಟ್ ಜಾವಾದಲ್ಲೂ ಪ್ರತಿ ಲೋಕದ ಫೋಲ್ಡರಿನಲ್ಲಿ ಮುಖ್ಯ ಲೆವೆಲ್ ಫೈಲಿನ ಹಳೆಯ ಪ್ರತಿಯೊಂದು ಇದೇ ಬಗೆಯ ಬಾಲ ಹೊತ್ತು ಇರುತ್ತದೆ. 0 ಕೆಬಿ ಕಂಡ ಕೂಡಲೇ ಅಕ್ಕಪಕ್ಕದಲ್ಲಿ ಓಲ್ಡ್, ಬ್ಯಾಕ್, ಬ್ಯಾಕಪ್ ಎಂಬ ಹೆಸರುಗಳನ್ನು ಹುಡುಕಿ. ಗಾತ್ರ ಸರಿಯಿದ್ದೂ ತೆರೆಯದಿದ್ದರೆ ನೋಟ್‌ಪ್ಯಾಡಿನಲ್ಲಿ ಅದರ ನಕಲನ್ನು ತೆರೆದು ನೋಡಿ. ಪುಟಗಟ್ಟಲೆ ಬರೀ ಖಾಲಿ ಜಾಗ ಕಂಡರೆ ಅದೂ ಕರೆಂಟ್ ಹೋದಾಗ ಸತ್ತ ಫೈಲೇ.

ತೆಗೆಯಲೇಬೇಕೇ?

ಆಟ ನಡುವೆ ನಿಲ್ಲುತ್ತದೆ, ತೆರೆಯುವುದೇ ಇಲ್ಲ ಎಂದು ತೆಗೆಯಲು ಹೊರಟವರಿಗೆ ನನ್ನ ಸಲಹೆ: ಮೊದಲು ಫೈಲುಗಳ ಪರಿಶೀಲನೆ ಮಾಡಿಸಿ. ಸ್ಟೀಮ್‌ನಲ್ಲಿ ಆಟದ ಹೆಸರಿನ ಮೇಲೆ ಬಲ ಗುಂಡಿ ಒತ್ತಿ, ಪ್ರಾಪರ್ಟೀಸ್‌ನಲ್ಲಿ ಇನ್‌ಸ್ಟಾಲ್ಡ್ ಫೈಲ್ಸ್ ತೆರೆದರೆ ವೆರಿಫೈ ಎಂಬುದು ಸಿಗುತ್ತದೆ. ಸ್ಟೀಮ್‌ನಂತಹದೇ ಇನ್ನೊಂದು ಆಟದ ಅಂಗಡಿಯಾದ ಎಪಿಕ್‌ನಲ್ಲಿ ಮೂರು ಚುಕ್ಕೆ ಒತ್ತಿ ಮ್ಯಾನೇಜ್ ಎಂಬಲ್ಲಿ ಹೋಗಬೇಕು. ಕೆಟ್ಟ ಅಥವಾ ಕಾಣೆಯಾದ ಫೈಲುಗಳನ್ನಷ್ಟೇ ಅದು ಮತ್ತೆ ಇಳಿಸುತ್ತದೆ. ಐವತ್ತು ಅರವತ್ತು ಜಿಬಿ ಮತ್ತೆ ಇಳಿಸುವ ಖರ್ಚು, ಕಾಯುವಿಕೆ ಎರಡೂ ತಪ್ಪುತ್ತವೆ.

ಅದರಿಂದ ಆಗದಿದ್ದರೆ ಸೇವ್ ಫೋಲ್ಡರಿನ ಅಕ್ಕಪಕ್ಕ ಸೆಟ್ಟಿಂಗ್ಸ್ ಅಥವಾ ಕಾನ್ಫಿಗ್ ಎಂಬ ಫೈಲಿದ್ದರೆ ಅದನ್ನು ಮಾತ್ರ ಬೇರೆಡೆ ಸರಿಸಿ ಆಟ ತೆರೆಯಿರಿ. ಹೊಸ ಮಾನಿಟರ್ ಅಥವಾ ಹೊಸ ಗ್ರಾಫಿಕ್ಸ್ ಕಾರ್ಡ್ ಹಾಕಿದ ಮೇಲೆ ಆಟ ತೆರೆಯದಿರಲು ಹಲವು ಬಾರಿ ಇದೇ ಕಾರಣ. ಸಿ ಡ್ರೈವ್ ತುಂಬಿದೆ ಎಂದು ತೆಗೆಯುವುದಾದರೆ ಅದರ ಅಗತ್ಯವೇ ಇಲ್ಲ. ಅದೇ ಇನ್‌ಸ್ಟಾಲ್ಡ್ ಫೈಲ್ಸ್ ಪುಟದಲ್ಲಿ ಆಟವನ್ನು ಬೇರೆ ಡ್ರೈವಿಗೆ ಸಾಗಿಸುವ ಅನುಕೂಲವಿದೆ.

ಎಲ್ಲ ಮಾಡಿಯೂ ತೆಗೆಯಲೇಬೇಕಾದರೆ ಸೇವ್ ಫೋಲ್ಡರನ್ನು ದಿನಾಂಕದ ಹೆಸರಿಟ್ಟು ಎರಡು ಕಡೆ ನಕಲಿಸಿ. ಒಂದು ಯಂತ್ರದ ಹೊರಗಿರಲಿ. ಎರಡರ ಪ್ರಾಪರ್ಟೀಸ್ ತೆರೆದು ಫೈಲುಗಳ ಸಂಖ್ಯೆ, ಗಾತ್ರ ಹೊಂದುತ್ತವೆಯೇ ನೋಡಿ. ತೆಗೆಯುವಾಗ ಕೆಲವು ಅನ್‌ಇನ್‌ಸ್ಟಾಲರ್‌ಗಳು ಸೇವ್‌ಗಳನ್ನೂ ಅಳಿಸಲೇ ಎಂದು ಕೇಳುತ್ತವೆ. ಓದದೆ ಯೆಸ್ ಒತ್ತುವ ಅಭ್ಯಾಸ ಅಲ್ಲಿ ಕೈ ಕೊಡುತ್ತದೆ. ಮಿಕ್ಕ ಚೂರುಗಳನ್ನೆಲ್ಲ ಗುಡಿಸಿ ಹಾಕುತ್ತೇವೆ ಎಂದು ಹೇಳಿಕೊಳ್ಳುವ ಕ್ಲೀನರ್ ತಂತ್ರಾಂಶಗಳಿಂದ ಆಟ ತೆಗೆಯಲೇಬೇಡಿ. ಅವು ಚೂರು ಎಂದು ಕರೆಯುವುದು ಕೆಲವೊಮ್ಮೆ ನಿಮ್ಮ ಸೇವ್ ಫೋಲ್ಡರನ್ನೇ.

ಫೋಲ್ಡರ್ ಇದೆ, ಆಟಕ್ಕೆ ಕಾಣಿಸುತ್ತಿಲ್ಲ

ದೋಷ ನಿವಾರಣೆಯಲ್ಲಿ ನನಗೆ ಹೆಚ್ಚು ಕೆಲಸ ಕೊಡುವುದು ಇದು. ಸೇವ್ ಎಲ್ಲಿಯೂ ಹೋಗಿಲ್ಲ, ಆಟ ಬೇರೆ ಬಾಗಿಲು ತಟ್ಟುತ್ತಿದೆ ಎಂದೇ ಅರ್ಥ.

ವಿಂಡೋಸ್ 10, 11ರಲ್ಲಿ ಮೈಕ್ರೋಸಾಫ್ಟ್‌ನ ಕ್ಲೌಡ್ ಸಂಗ್ರಹವಾದ ಒನ್‌ಡ್ರೈವ್‌ನ ಬ್ಯಾಕಪ್ ಒಪ್ಪಿಕೊಂಡರೆ ಡಾಕ್ಯುಮೆಂಟ್ಸ್ ಫೋಲ್ಡರ್ ಒನ್‌ಡ್ರೈವ್ ಒಳಗೆ ಸರಿಯುತ್ತದೆ. ಹೆಸರು ಅದೇ, ವಿಳಾಸ ಬೇರೆ. ಹಳೆಯ ಸೇವ್ ಒಂದು ಡಾಕ್ಯುಮೆಂಟ್ಸ್‌ನಲ್ಲಿ, ಆಟ ನೋಡುವುದು ಇನ್ನೊಂದರಲ್ಲಿ. ಬಳಕೆದಾರ ಫೋಲ್ಡರಿನಲ್ಲಿ ಎರಡನ್ನೂ ತೆರೆದು ನೋಡಿ. ಒನ್‌ಡ್ರೈವ್ ಒಳಗಿನ ಫೈಲಿನ ಪಕ್ಕದಲ್ಲಿ ಮೋಡದ ಗುರುತು ಇದ್ದರೆ ಅದು ಇನ್ನೂ ನಿಮ್ಮ ಯಂತ್ರಕ್ಕೆ ಇಳಿದೇ ಇಲ್ಲ. ಬಲ ಗುಂಡಿ ಒತ್ತಿ ಸದಾ ಈ ಯಂತ್ರದಲ್ಲಿ ಇರಲಿ ಎಂಬುದನ್ನು ಆರಿಸಿ. ಉಚಿತ ಒನ್‌ಡ್ರೈವ್‌ನಲ್ಲಿ ಸಿಗುವುದು 5 ಜಿಬಿ, ಅದು ತುಂಬಿದರೆ ಹೊಸ ಸೇವ್‌ಗಳು ಮೇಲೇರುವುದೂ ನಿಲ್ಲುತ್ತದೆ.

ಎರಡನೆಯದು ಖಾತೆ. ಅಣ್ಣನ ಸ್ಟೀಮ್ ಖಾತೆಯಲ್ಲಿ ಆಡಿದ್ದು ತಮ್ಮನ ಖಾತೆಯಲ್ಲಿ ಕಾಣುವುದಿಲ್ಲ, ಆಟವನ್ನು ಕುಟುಂಬದೊಳಗೆ ಹಂಚಿಕೊಂಡಿದ್ದರೂ ಸರಿ. ಎಲ್ಡನ್ ರಿಂಗ್‌ನಂತಹ ಆಟಗಳು ಫೋಲ್ಡರಿಗೇ ಖಾತೆಯ ಸಂಖ್ಯೆ ಇಡುತ್ತವೆ.

ಮೂರನೆಯದು ಹಳೆಯ ಸಿಡಿ ಕಾಲದ ಆಟಗಳದು, ಇದರಲ್ಲಿ ನುರಿತವರೂ ದಾರಿ ತಪ್ಪುತ್ತಾರೆ. 1999ರ ಏಜ್ ಆಫ್ ಎಂಪೈರ್ಸ್ 2ರಂತಹವು ಸೇವ್‌ಗಳನ್ನು ಆಟದ ಫೋಲ್ಡರಿನೊಳಗೇ ಬರೆಯಲು ನೋಡುತ್ತವೆ. ವಿಂಡೋಸ್ ವಿಸ್ಟಾ ಬಂದ ಮೇಲೆ ಪ್ರೋಗ್ರಾಂ ಫೈಲ್ಸ್ ಒಳಗೆ ಹಾಗೆ ಬರೆಯಲು ಸಾಮಾನ್ಯ ಪ್ರೋಗ್ರಾಂಗೆ ಅನುಮತಿ ಇಲ್ಲ. ಹಳೆಯ ಆಟಗಳು ಮುರಿಯಬಾರದೆಂದು ವಿಂಡೋಸ್ ಆ ಬರಹವನ್ನು ಸದ್ದಿಲ್ಲದೆ ಆಪ್‌ಡೇಟಾ ಲೋಕಲ್ ಒಳಗಿನ "ವರ್ಚುವಲ್‌ಸ್ಟೋರ್" ಎಂಬಲ್ಲಿಗೆ ತಿರುಗಿಸುತ್ತದೆ. ಆಟಕ್ಕೆ ತಾನು ತನ್ನ ಫೋಲ್ಡರಿನಲ್ಲೇ ಬರೆದೆ ಎಂಬ ನಂಬಿಕೆ. ಈಗ ನೀವು ಆಟ ತೆಗೆದು, ಈ ಬಾರಿ ಡಿ ಡ್ರೈವಿನಲ್ಲಿ ಹಾಕಿದಿರಿ ಎನ್ನಿ. ಅಲ್ಲಿ ಈ ತಿರುವು ಇಲ್ಲ, ಆಟ ತನ್ನ ನಿಜವಾದ ಫೋಲ್ಡರ್ ನೋಡುತ್ತದೆ, ಅದು ಖಾಲಿ. "ರನ್ ಆಸ್ ಅಡ್ಮಿನಿಸ್ಟ್ರೇಟರ್" ಕೊಟ್ಟು ತೆರೆದರೂ ಇದೇ ಆಗುತ್ತದೆ. ನಿನ್ನೆ ಸೇವ್ ಇತ್ತು ಇವತ್ತು ಇಲ್ಲ, ನಾಳೆ ಮತ್ತೆ ಬರುತ್ತದೆ ಎಂಬ ವಿಚಿತ್ರ ದೂರು ಬಂದರೆ ನಾನು ನೇರವಾಗಿ ಇಲ್ಲಿಗೆ ಹೋಗುತ್ತೇನೆ. ವರ್ಚುವಲ್‌ಸ್ಟೋರ್‌ನಿಂದ ಸೇವ್ ಫೈಲುಗಳನ್ನು ಹೊಸ ಜಾಗಕ್ಕೆ ನಕಲಿಸಿದರೆ ಸರಿಹೋಗುತ್ತದೆ.

ಸೇವ್ ಪಟ್ಟಿಯಲ್ಲಿ ಕಾಣುತ್ತದೆ, ಒತ್ತಿದರೆ ತೆರೆಯುವುದಿಲ್ಲ ಎಂದರೆ ಆವೃತ್ತಿ ನೋಡಿ. ಹೊಸ ಆವೃತ್ತಿಯಲ್ಲಿ ಮಾಡಿದ ಸೇವನ್ನು ಹಳೆಯ ಆವೃತ್ತಿಯ ಆಟ ಹಲವು ಬಾರಿ ಓದುವುದಿಲ್ಲ. ಮಾಡ್‌ಗಳನ್ನು, ಅಂದರೆ ಆಟಕ್ಕೆ ಬೇರೆಯವರು ಮಾಡಿದ ಸೇರ್ಪಡೆಗಳನ್ನು, ಹಾಕಿ ಆಡಿದ್ದರೆ ಅವೇ ಮಾಡ್‌ಗಳು ಮೊದಲು ಮರಳಬೇಕು.

ಹಳೆಯದು ತೆರೆಯುತ್ತದೆ, ಹೊಸದಾಗಿ ಸೇವ್ ಆಗುತ್ತಿಲ್ಲ ಎನ್ನುವವರು ವಿಂಡೋಸ್ ಸೆಕ್ಯುರಿಟಿಯಲ್ಲಿ ರಾನ್ಸಮ್‌ವೇರ್ ರಕ್ಷಣೆಯ ಪುಟ ನೋಡಬೇಕು. ಕಂಟ್ರೋಲ್ಡ್ ಫೋಲ್ಡರ್ ಆಕ್ಸೆಸ್ ಎಂಬುದು ಆನ್ ಇದ್ದರೆ, ಅನುಮತಿ ಇಲ್ಲದ ಪ್ರೋಗ್ರಾಂಗಳನ್ನು ಅದು ಡಾಕ್ಯುಮೆಂಟ್ಸ್‌ಗೆ ಬರೆಯಲು ಬಿಡುವುದಿಲ್ಲ. ಹಳೆಯ ಜಾಗದಲ್ಲಿದ್ದಾಗ ಕೊಟ್ಟ ಅನುಮತಿ ಹೊಸ ಜಾಗದ ಆಟಕ್ಕೆ ಅನ್ವಯಿಸದು; ಮತ್ತೆ ಸೇರಿಸಿ. ಸಿಡಿ, ಡಿವಿಡಿಯಿಂದ ಮರಳಿ ತಂದ ಸೇವ್‌ಗಳಾದರೆ ಪ್ರಾಪರ್ಟೀಸ್‌ನಲ್ಲಿ "ರೀಡ್ ಓನ್ಲಿ" ಟಿಕ್ ಇದೆಯೇ ನೋಡಿ ತೆಗೆಯಿರಿ.

ಕ್ಲೌಡ್ ಕೇಳುವ ಪ್ರಶ್ನೆ

ಸ್ಟೀಮ್ ಕ್ಲೌಡ್ ಒಳ್ಳೆಯ ಅನುಕೂಲ, ಆದರೆ ಎಲ್ಲ ಆಟಗಳಿಗೂ ಇಲ್ಲ. ಆಟದ ಅಂಗಡಿ ಪುಟದಲ್ಲಿ ಸ್ಟೀಮ್ ಕ್ಲೌಡ್ ಎಂದು ಬರೆದಿದ್ದರೆ ಮಾತ್ರ ನಂಬಿ. ಮತ್ತೆ ಹಾಕಿದ ಮೇಲೆ ಕೆಲವೊಮ್ಮೆ ಒಂದು ಪೆಟ್ಟಿಗೆ ಬಂದು, ಈ ಯಂತ್ರದ ಸೇವ್ ಬೇಕೋ ಕ್ಲೌಡಿನದು ಬೇಕೋ ಎಂದು ದಿನಾಂಕ ಸಮೇತ ಕೇಳುತ್ತದೆ. ಹೊಸ ದಿನಾಂಕದ್ದೇ ಒಳ್ಳೆಯದು ಎಂದು ಒತ್ತಿ ಕೆಟ್ಟವರಿದ್ದಾರೆ. ನೀವು ಐದು ನಿಮಿಷದ ಹಿಂದೆ ಗಾಬರಿಯಲ್ಲಿ ತೆರೆದ ಖಾಲಿ ಆಟದ ದಿನಾಂಕವೂ ಹೊಸದೇ ಅಲ್ಲವೇ? ಗೊಂದಲವಿದ್ದರೆ ರದ್ದು ಮಾಡಿ ಹೊರಬನ್ನಿ. ಯಂತ್ರದಲ್ಲಿರುವ ಸೇವನ್ನು ಬೇರೆಡೆ ನಕಲಿಸಿ. ಬ್ರೌಸರಿನಲ್ಲಿ ನಿಮ್ಮ ಸ್ಟೀಮ್ ಖಾತೆಯ ಕ್ಲೌಡ್ ಪುಟ ತೆರೆದರೆ ಅಲ್ಲಿರುವ ಫೈಲುಗಳನ್ನೂ ಇಳಿಸಿಕೊಳ್ಳಬಹುದು. ಎರಡೂ ಕೈಯಲ್ಲಿದ್ದ ಮೇಲೆ ಯಾವುದನ್ನು ಒತ್ತಿದರೂ ಹೆದರಬೇಕಿಲ್ಲ.

ನಕಲಿನಿಂದ ಮರಳಿಸುವ ಕ್ರಮವನ್ನು ಒಂದೇ ಉಸಿರಿನಲ್ಲಿ ಹೇಳುತ್ತೇನೆ, ಏಕೆಂದರೆ ಕ್ರಮ ತಪ್ಪಿದರೆ ಎಲ್ಲ ತಪ್ಪುತ್ತದೆ: ಇಂಟರ್‌ನೆಟ್ ಆರಿಸಿ, ಆಟ ತೆರೆದು ಮುಖ್ಯ ಮೆನು ಬಂದ ಕೂಡಲೇ ಮುಚ್ಚಿ, ಅದು ಮಾಡಿಕೊಂಡ ಹೊಸ ಫೋಲ್ಡರಿನ ಮೇಲೆ ನಿಮ್ಮ ನಕಲನ್ನು ಹಾಕಿ, ಮತ್ತೆ ತೆರೆದು ಹಳೆಯ ಆಟ ಬಂತೇ ಎಂದು ನೋಡಿ, ಬಂದ ಮೇಲೆ ಮಾತ್ರ ಇಂಟರ್‌ನೆಟ್ ಹಚ್ಚಿ, ಕ್ಲೌಡ್ ಕೇಳಿದರೆ ಈ ಯಂತ್ರದ್ದು ಎಂದು ಹೇಳಿ.

ವಿಂಡೋಸ್ ಬದಲಿಸುವಾಗ

2025ರ ಅಕ್ಟೋಬರ್ 14ಕ್ಕೆ ವಿಂಡೋಸ್ 10ರ ಸಾಮಾನ್ಯ ಬೆಂಬಲ ಮುಗಿಯಿತು. ಅಂದಿನಿಂದ ಫಾರ್ಮ್ಯಾಟ್ ಮಾಡಿಸಿ 11 ಹಾಕಿಸಿಕೊಳ್ಳಲು ಬರುವವರು ಹೆಚ್ಚಾಗಿದ್ದಾರೆ. ಇಲ್ಲಿ ನಾನೇ ಮಾಡಿದ ಒಂದು ತಪ್ಪನ್ನು ಹೇಳಬೇಕು. ಅಂಗಡಿ ತೆರೆದ ಹೊಸತರಲ್ಲಿ ಹರಿಹರದ ಹುಡುಗನೊಬ್ಬ ಯಂತ್ರ ತಂದಿದ್ದ. ಏನೇನು ಉಳಿಸಬೇಕು ಎಂದು ಕೇಳಿದೆ. ಫೋಟೋ, ಡಾಕ್ಯುಮೆಂಟ್ಸ್ ಎಂದ. ಅವನ್ನೂ ಡೆಸ್ಕ್‌ಟಾಪನ್ನೂ ನಕಲಿಸಿ ಫಾರ್ಮ್ಯಾಟ್ ಮಾಡಿದೆ. ಮರುದಿನ ಬಂದು ನಿಂತ. ಅವನ ಆಟದ ಸೇವ್ ಆಪ್‌ಡೇಟಾದಲ್ಲಿತ್ತು, ಅದನ್ನು ಕೇಳುವುದು ನನಗೆ ಹೊಳೆದಿರಲಿಲ್ಲ, ಹೇಳುವುದು ಅವನಿಗೆ ಗೊತ್ತಿರಲಿಲ್ಲ. ಅದೇ ಡಿಸ್ಕಿನ ಮೇಲೆ ಹೊಸ ವಿಂಡೋಸ್ ಬರೆದಾಗಿತ್ತು. ರಿಕವರಿ ತಂತ್ರಾಂಶ ರಾತ್ರಿಯಿಡೀ ಓಡಿಸಿದರೂ ಅವನದು ಸಿಗಲಿಲ್ಲ. "ಪರವಾಗಿಲ್ಲ ಅಣ್ಣಾ," ಎಂದು ಹೋದ. ಪರವಾಗಿರಲಿಲ್ಲ, ಅವನ ಮುಖ ನೋಡಿದರೆ ತಿಳಿಯುತ್ತಿತ್ತು. ಅಂದಿನಿಂದ ರಸೀದಿ ಪುಸ್ತಕದಲ್ಲಿ "ಆಟಗಳು" ಎಂದು ಒಂದು ಸಾಲು ಹಾಕಿಸಿದ್ದೇನೆ. ಅದು ತುಂಬದೆ ಯಂತ್ರ ಒಳಗೆ ತೆಗೆದುಕೊಳ್ಳುವುದಿಲ್ಲ.

ಹಾಗಾಗಿ ಫಾರ್ಮ್ಯಾಟ್‌ಗೆ ಕೊಡುವ ಮುನ್ನ ಇಡೀ ಬಳಕೆದಾರ ಫೋಲ್ಡರ್, ಮರೆಮಾಡಿದ ಆಪ್‌ಡೇಟಾ ಸಮೇತ, ಜೊತೆಗೆ ಸ್ಟೀಮ್‌ನ ಯೂಸರ್‌ಡೇಟಾ ನಕಲಿಸಿಕೊಳ್ಳಿ. ಹೊಸ ವಿಂಡೋಸ್‌ನಲ್ಲಿ ಮೈಕ್ರೋಸಾಫ್ಟ್ ಖಾತೆಯಿಂದ ಶುರು ಮಾಡಿದರೆ ಬಳಕೆದಾರ ಫೋಲ್ಡರಿಗೆ ಇಮೇಲ್‌ನ ಮೊದಲ ಐದು ಅಕ್ಷರ ಹೆಸರಾಗಿ ಬರುತ್ತದೆ, ಹಳೆಯ ಹೆಸರಲ್ಲ. ಸೇವ್‌ಗಳನ್ನು ಹೊಸ ಹೆಸರಿನ ಫೋಲ್ಡರಿನೊಳಗೇ ಹಾಕಬೇಕು. ಫಾರ್ಮ್ಯಾಟ್ ಮಾಡದೆ ಮೇಲಿಂದಲೇ ಹಾಕಿದ್ದರೆ ಸಿ ಡ್ರೈವಿನಲ್ಲಿ "ವಿಂಡೋಸ್ ಓಲ್ಡ್" ಎಂಬ ಫೋಲ್ಡರ್ ಇದೆಯೇ ಎಂದು ಕೂಡಲೇ ನೋಡಿ. ಅದರೊಳಗೆ ಹಳೆಯ ಯೂಸರ್ಸ್ ಸಿಗಬಹುದು. ಸಾಮಾನ್ಯವಾಗಿ ಹತ್ತು ದಿನ ಕಳೆದ ಮೇಲೆ ವಿಂಡೋಸ್ ಅದನ್ನು ತಾನೇ ಅಳಿಸುತ್ತದೆ.

ಅಳಿಸಿಹೋದ ಫೈಲನ್ನು ಹಾರ್ಡ್ ಡಿಸ್ಕಿನಿಂದ ಮರಳಿ ಪಡೆಯುವ ಆಸೆ ಇಟ್ಟುಕೊಳ್ಳಬಹುದು, ಅದರ ಮೇಲೆ ಬೇರೇನೂ ಬರೆಯದಿದ್ದರೆ. ಯಂತ್ರ ಆರಿಸಿ, ಡಿಸ್ಕ್ ಬಿಚ್ಚಿ ಬೇರೆ ಯಂತ್ರಕ್ಕೆ ಜೋಡಿಸಿ ಹುಡುಕಬೇಕು. ತಿರುಗುವ ತಟ್ಟೆಯ ಬದಲು ಚಿಪ್ಪುಗಳಲ್ಲಿ ಬರೆಯುವ ಎಸ್‌ಎಸ್‌ಡಿಯಲ್ಲಿ ಆಸೆ ತೀರಾ ಕಡಿಮೆ. ಅಳಿಸಿದ ಜಾಗವನ್ನು ಟ್ರಿಮ್ ಎಂಬ ಆದೇಶ ಕೊಟ್ಟು ವಿಂಡೋಸ್ ತಾನಾಗಿಯೇ ತೆರವು ಮಾಡಿಸುತ್ತದೆ.

ನಿಟುವಳ್ಳಿಯ ಹುಡುಗಿ ಹೋಗುವಾಗ ತೋಟದ ಫೋಲ್ಡರನ್ನು ಪೆನ್‌ಡ್ರೈವಿನಲ್ಲಿ ಕೊಟ್ಟೆ. ಅಕ್ಕ ಊರಿಗೆ ಬಂದಾಗ ಅದನ್ನು ತೆಗೆದುಕೊಂಡು ಹೋಗಿ ತನ್ನ ಲ್ಯಾಪ್‌ಟಾಪಿನ ಅದೇ ಸೇವ್ಸ್ ಫೋಲ್ಡರಿಗೆ ಹಾಕಿಕೊಂಡಳಂತೆ, ಹುಬ್ಬಳ್ಳಿಯಲ್ಲೂ ತೋಟ ತೆರೆಯಿತಂತೆ. ನಕಲು ಸರಿಯಿದೆ ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ಪರೀಕ್ಷೆ ನನಗೆ ಗೊತ್ತಿಲ್ಲ. ಒಂದು ಎಚ್ಚರಿಕೆ ಮಾತ್ರ ಹೇಳಿದ್ದೆ: ಇಬ್ಬರೂ ಬೇರೆ ಬೇರೆ ಆಡಿದರೆ ಒಂದು ತೋಟ ಎರಡಾಗುತ್ತದೆ, ಮತ್ತೆ ಕೂಡಿಸಲು ಬರುವುದಿಲ್ಲ. ಈಗ ಅವರು ಫೋಲ್ಡರಿನ ನಕಲಿಗೆ ದಿನಾಂಕದ ಜೊತೆ ಆಡಿದವರ ಹೆಸರನ್ನೂ ಸೇರಿಸಿ ಒಬ್ಬರಿಗೊಬ್ಬರು ಕಳುಹಿಸಿಕೊಳ್ಳುತ್ತಾರೆ. ಯುಪಿಎಸ್ ಬ್ಯಾಟರಿಯನ್ನು ತಂದೆ ಅದೇ ವಾರ ಬದಲಿಸಿದರು.